300 ವ್ಯಾಟ್‌ನಲ್ಲಿ ಬಯಲಿನ ಆರತಕ್ಷತೆ: ದೀಪಗಳ ಲೆಕ್ಕ ಮತ್ತು ಜೋಡಣೆ

ಸಂಜೆಯ ಆರತಕ್ಷತೆ ಬಯಲಲ್ಲಿ, ಇರುವುದು 16 ಆಂಪಿಯರ್‌ನ ಒಂದೇ ಪಾಯಿಂಟ್. ಕರೆಂಟ್ ಸಾಲದು ಎಂದ ಕೂಡಲೇ ಎಲ್ಲರೂ ದೀಪ ಕಡಿಮೆ ಮಾಡಲು ಹೊರಡುತ್ತಾರೆ. ಎಲ್‌ಇಡಿ ಬಂದ ಮೇಲೆ ಲೈನ್ ತಿನ್ನುವುದು ದೀಪವಲ್ಲ, ಏನನ್ನಾದರೂ ಬಿಸಿ ಮಾಡುವ ಉಪಕರಣ.

ಮೊದಲು ಕಾಗದದ ಮೇಲೆ

230 ವೋಲ್ಟ್, 16 ಆಂಪಿಯರ್ ಎಂದರೆ 3680 ವ್ಯಾಟ್. ಗಂಟೆಗಟ್ಟಲೆ ಓಡಿಸುವಾಗ ಅದರ ಶೇ 80ರಷ್ಟನ್ನು ಮಾತ್ರ ಲೆಕ್ಕಕ್ಕೆ ಹಿಡಿಯಿರಿ, ಅಂದರೆ ಸುಮಾರು 2900. ಬಿಸಿನೀರಿನ ಬಾಯ್ಲರ್ 2000, ಸೌಂಡ್ ಸಿಸ್ಟಮ್ 600 ತೆಗೆದುಕೊಂಡರೆ ದೀಪಕ್ಕೆ ಉಳಿಯುವುದು 300. ಬಾಯ್ಲರ್ ಬದಲು ಗ್ಯಾಸ್ ಒಲೆ ಇಟ್ಟರೆ ಈ ಲೇಖನದ ಅರ್ಧ ತಲೆನೋವು ಅಲ್ಲಿಗೇ ಮುಗಿಯಿತು. ಸಾಕೆಟ್ ದೊಡ್ಡದಿದೆ ಎಂದು ನಂಬಬೇಡಿ. ಅದರ ಹಿಂದಿನ ಎಂಸಿಬಿ (ಕರೆಂಟ್ ಮಿತಿ ಮೀರಿದರೆ ತಾನೇ ಬೀಳುವ ಸ್ವಿಚ್) ಎಷ್ಟು ಆಂಪಿನದು ಎಂದು ಮೊದಲು ನೋಡಿ.

300 ವ್ಯಾಟ್ ಹಂಚುವ ಒಂದು ರೀತಿ: ವೇದಿಕೆಯ ಮುಂದೆ 30 ವ್ಯಾಟ್‌ನ ಎರಡು ಎಲ್‌ಇಡಿ ಫೋಕಸ್ (60), ಹಿಂದಿನ ಪರದೆಗೆ ಕೆಳಗಿನಿಂದ 10 ವ್ಯಾಟ್‌ನ ನಾಲ್ಕು (40), ಕೂರುವ ಜಾಗದ ಮೇಲೆ ತಲಾ 15 ಬಲ್ಬಿನ, 10 ಮೀಟರ್ ಉದ್ದದ ಎಂಟು ಸರ, ಬಲ್ಬಿಗೆ 1 ವ್ಯಾಟ್ (120), ಊಟದ ಮೇಜಿನ ಮೇಲೆ 9 ವ್ಯಾಟ್‌ನ ನಾಲ್ಕು ಬಲ್ಬ್ (36), ದಾರಿಗೆ 2 ವ್ಯಾಟ್‌ನ ಹತ್ತು (20). ಒಟ್ಟು 276. ಇದೇ ಸರಕ್ಕೆ ಹಳೆಯ 25 ವ್ಯಾಟ್ ಬಲ್ಬ್ ಹಾಕಿದ್ದರೆ ಸರಗಳೇ 3000 ವ್ಯಾಟ್ ನುಂಗುತ್ತಿದ್ದವು.

ದೀಪ ಎಲ್ಲಿ, ಎಷ್ಟು ಎತ್ತರದಲ್ಲಿ

ಎತ್ತರದ ಕಂಬಕ್ಕೆ 200 ವ್ಯಾಟ್‌ನ ಒಂದು ಬಿಳಿ ಫೋಕಸ್ ಕಟ್ಟಿ ಕೈತೊಳೆದುಕೊಳ್ಳುವವರೇ ಹೆಚ್ಚು. ಅದು ಖಾಲಿ ನೆಲವನ್ನೂ ಬೆಳಗುತ್ತದೆ, ನೋಡಿದವರ ಕಣ್ಣು ಕುಕ್ಕುತ್ತದೆ, ಕುಕ್ಕಿದ ಕಣ್ಣಿಗೆ ಪಕ್ಕದ ಜಾಗವೆಲ್ಲ ಇನ್ನಷ್ಟು ಕತ್ತಲು. ಕಡಿಮೆ ಕರೆಂಟಿನಲ್ಲಿ ಮೂರಕ್ಕೆ ಮಾತ್ರ ಬೆಳಕು ಕೊಡಿ: ಮುಖ, ತಟ್ಟೆ, ಕಾಲಡಿ. ಉಳಿದದ್ದು ಮಬ್ಬಾಗಿದ್ದರೆ ನಷ್ಟವಿಲ್ಲ. ದೀಪವನ್ನು ಹತ್ತಿರ ತಂದಷ್ಟೂ ಉಳಿತಾಯ. ದೂರ ಅರ್ಧವಾದರೆ ಬೀಳುವ ಬೆಳಕು ನಾಲ್ಕು ಪಟ್ಟಾಗುತ್ತದೆ.

ವೇದಿಕೆಯ ಎರಡು ಫೋಕಸ್‌ಗಳನ್ನು ಎಡಬಲದಲ್ಲಿ, ಮದುಮಕ್ಕಳಿಂದ ಸುಮಾರು 4 ಮೀಟರ್ ದೂರದಲ್ಲಿ, ಮುಖಕ್ಕಿಂತ ಮೇಲೆ ಕಟ್ಟಿ ಓರೆಯಾಗಿ ಬೀಳಿಸಿ. ನೇರ ನೆತ್ತಿಯ ಮೇಲಿದ್ದರೆ ಕಣ್ಣಿನ ಗುಳಿ ಕಪ್ಪಾಗುತ್ತದೆ. ಕೆಳಗಿನಿಂದ ಬಿಟ್ಟರೆ ಮುಖ ಭೂತದಂತೆ. ಬಣ್ಣ 2700ರಿಂದ 3000 ಕೆಲ್ವಿನ್ (ಹಳದಿ ಛಾಯೆ), ಸಿಆರ್‌ಐ (ಬಣ್ಣಗಳನ್ನು ಎಷ್ಟು ಸಹಜವಾಗಿ ತೋರಿಸುತ್ತದೆ ಎಂಬ ಅಂಕ) 90 ಇದ್ದರೆ ಮೈಬಣ್ಣ ಸರಿಯಾಗಿ ಕಾಣುತ್ತದೆ. ಹಸಿರು, ನೀಲಿ ದೀಪಗಳನ್ನು ಪರದೆಗೆ ಬಿಡಿ, ಮುಖಕ್ಕೆ ಬೇಡ. ಅಗ್ಗದ ಎಲ್‌ಇಡಿ ಮಿನುಗುವುದು ಕಣ್ಣಿಗೆ ಕಾಣದಿದ್ದರೂ ವಿಡಿಯೊದಲ್ಲಿ ಪಟ್ಟೆಪಟ್ಟೆಯಾಗಿ ಬರುತ್ತದೆ. ಮೊಬೈಲ್ ಕ್ಯಾಮೆರಾವನ್ನು ದೀಪದ ಹತ್ತಿರ ಹಿಡಿದು ಕೊಳ್ಳುವ ಮುನ್ನವೇ ನೋಡಿಬಿಡಿ.

ಬಲ್ಬಿನ ಸರವನ್ನು ಅದರ ವೈರಿನ ಬಲದ ಮೇಲೆಯೇ ಎಳೆದು ಕಟ್ಟಬಾರದು; ಗಾಳಿಗೆ ಹೋಲ್ಡರಿನ ಬುಡದಲ್ಲಿ ವೈರ್ ಬಿಟ್ಟುಕೊಳ್ಳುತ್ತದೆ. ಮೊದಲು 3 ಮಿಲಿಮೀಟರ್ ಸ್ಟೀಲ್ ತಂತಿ ಎಳೆದು, ಸರವನ್ನು ಅದಕ್ಕೆ ಕೇಬಲ್ ಟೈ ಹಾಕಿ ಕಟ್ಟಿ. 10 ಮೀಟರಿಗೆ ಅರ್ಧ ಮೀಟರ್ ಜೋಲು ಬಿಡಿ. ಪೂರ್ತಿ ಬಿಗಿದರೆ ಕಂಬಗಳೇ ಒಳಕ್ಕೆ ವಾಲುತ್ತವೆ. ಜೋತ ಜಾಗದಲ್ಲೂ ನೆಲದಿಂದ 2.7 ಮೀಟರ್ ಇರಲಿ.

ಹುಳುಗಳು ನೀಲಿಬಿಳಿ ಬೆಳಕಿಗೆ ಹೆಚ್ಚು ಬರುತ್ತವೆ. ಊಟದ ಮೇಲೆ ಹಳದಿ ಬಲ್ಬೇ ಇರಲಿ.

ವೈರ್: ಹೆಚ್ಚು ಕೆಡುವುದು ಇಲ್ಲೇ

40 ಮೀಟರ್ ದೂರಕ್ಕೆ 2000 ವ್ಯಾಟ್ ಒಯ್ಯುವುದಾದರೆ, 0.75 ಚದರ ಮಿಲಿಮೀಟರ್‌ನ ತೆಳು ವೈರಿನಲ್ಲಿ ಸುಮಾರು 18 ವೋಲ್ಟ್ ದಾರಿಯಲ್ಲೇ ಖರ್ಚಾಗುತ್ತದೆ, ವೈರ್ ಕಾಯುತ್ತದೆ. 2.5 ಚದರ ಮಿಲಿಮೀಟರ್‌ನ ತಾಮ್ರದ ಕೇಬಲ್ಲಿನಲ್ಲಿ ಇದು ಸುಮಾರು 5 ವೋಲ್ಟ್. ಮುಖ್ಯ ಎಳೆತಕ್ಕೆ 2.5, ದೀಪದ ಕವಲುಗಳಿಗೆ 1.5 ಸಾಕು. ಡ್ರಮ್ಮಿಗೆ ಸುತ್ತಿದ ಕೇಬಲ್ಲನ್ನು ಪೂರ್ತಿ ಬಿಚ್ಚಿಯೇ ಬಳಸಿ. ಸುತ್ತಿದಂತೆಯೇ ಇದ್ದರೆ ಒಳಗಿನ ಶಾಖ ಹೊರಹೋಗದೆ ಇನ್ಸುಲೇಷನ್ ಕರಗುತ್ತದೆ.

ಪಾಯಿಂಟ್‌ನಲ್ಲಿ 30 ಮಿಲಿಆಂಪಿಯರ್ ಆರ್‌ಸಿಸಿಬಿ (ಕರೆಂಟ್ ನೆಲಕ್ಕೋ ಮೈಗೋ ಸೋರಿದರೆ ಲೈನ್ ಕಡಿಯುವ ಸ್ವಿಚ್) ಇರಲೇಬೇಕು. ಅದು ಪದೇಪದೇ ಬೀಳುತ್ತಿದ್ದರೆ ಎಲ್ಲೋ ಕರೆಂಟ್ ಸೋರುತ್ತಿದೆ, ಬಹುಶಃ ಜಾಯಿಂಟಿಗೆ ಇಬ್ಬನಿ ಇಳಿದಿದೆ ಎಂದು ತಿಳಿಯಿರಿ. ಅದನ್ನು ಬೈಪಾಸ್ ಮಾಡುವ ಎಲೆಕ್ಟ್ರಿಷಿಯನ್ ಸಿಕ್ಕರೆ ಮನೆಗೆ ಕಳಿಸಿ. ಪ್ಲಗ್ ಸೇರುವ ಜಾಗಗಳು ಹುಲ್ಲಿನ ಮೇಲೆ ಬಿದ್ದಿರಬಾರದು. ಎತ್ತರಕ್ಕೆ ಕಟ್ಟಿ, ಪ್ಲಗ್ಗಿಗಿಂತ ಸ್ವಲ್ಪ ಕೆಳಗೆ ವೈರ್ ಒಂದು ಬಾಗು ಇಳಿದು ಮೇಲೇರಲಿ, ನೀರು ಅಲ್ಲೇ ತೊಟ್ಟಿಕ್ಕಿ ಹೋಗುತ್ತದೆ. ಟೇಪ್ ಸುತ್ತಿದ ಮಾತ್ರಕ್ಕೆ ಜಾಯಿಂಟ್ ವಾಟರ್‌ಪ್ರೂಫ್ ಆಗುವುದಿಲ್ಲ. ಹೊರಗಿನ ದೀಪಗಳು ಐಪಿ 65 (ದೂಳು, ಎರಚುವ ನೀರು ಒಳಹೋಗದ ದರ್ಜೆ) ಇರಲಿ.

ದೀಪಗಳನ್ನು ಎರಡು ಕವಲಾಗಿ ಮಾಡಿ. ಒಂದು ಬಿದ್ದರೂ ಇನ್ನೊಂದು ಉರಿಯಬೇಕು. ಎಲ್‌ಇಡಿಗೆ ಬೇಕಾದಂತೆ ಕರೆಂಟ್ ಹೊಂದಿಸಿಕೊಡುವ ಅಗ್ಗದ ಡ್ರೈವರ್‌ಗಳು ಹಚ್ಚಿದ ಕ್ಷಣ ಹತ್ತಾರು ಪಟ್ಟು ಕರೆಂಟ್ ಎಳೆಯುವುದರಿಂದ, ಎಲ್ಲವನ್ನೂ ಒಂದೇ ಸ್ವಿಚ್ಚಿಗೆ ಸೇರಿಸಿದರೆ ಲೋಡ್ ಕಡಿಮೆಯಿದ್ದರೂ ಎಂಸಿಬಿ ಬೀಳಬಹುದು.

ಜನರೇಟರ್, ಬ್ಯಾಟರಿ

ಈ ಅಗ್ಗದ ಡ್ರೈವರ್‌ಗಳ ಪವರ್ ಫ್ಯಾಕ್ಟರ್ (ವೋಲ್ಟ್ ಮತ್ತು ಆಂಪಿಯರ್ ಗುಣಿಸಿ ಬರುವ ವಿಎಯಲ್ಲಿ ವ್ಯಾಟಿನ ಪಾಲು) 0.5ರ ಆಸುಪಾಸು. 276 ವ್ಯಾಟ್ ದೀಪ ಜನರೇಟರಿಗೆ 550 ವಿಎಯಂತೆ ಕಾಣುತ್ತದೆ. ಆದರೂ ದೀಪ ಮತ್ತು ಸೌಂಡಿಗೆ 2 ಕೆವಿಎಯ ಇನ್ವರ್ಟರ್ ಜನರೇಟರ್ ಸಾಕು. ಬಾಯ್ಲರನ್ನು ಇದಕ್ಕೆ ಕೊಡಬೇಡಿ. ಹೊಗೆಯಲ್ಲಿ ಕಾರ್ಬನ್ ಮಾನಾಕ್ಸೈಡ್ ಇರುವುದರಿಂದ ಜನರೇಟರನ್ನು ಜನರಿಂದ ದೂರ, ಹೊಗೆಯನ್ನು ಗಾಳಿ ಜನರಿಂದ ಆಚೆಗೆ ಒಯ್ಯುವ ಕಡೆ ಇಡಿ. ಎಂಜಿನ್ ತಣ್ಣಗಾಗದೆ ಪೆಟ್ರೋಲ್ ಹಾಕಬಾರದು. ಜನರೇಟರಿನ ನ್ಯೂಟ್ರಲ್ ಮತ್ತು ಅರ್ತ್ ಕೂಡಿಸದಿದ್ದರೆ ಆರ್‌ಸಿಸಿಬಿ ಸರಿಯಾಗಿ ಕೆಲಸ ಮಾಡದಿರಬಹುದು. ಇದನ್ನು ಬಲ್ಲವರಿಂದಲೇ ಮಾಡಿಸಿ.

12 ವೋಲ್ಟ್, 100 ಆಂಪಿಯರ್ ಅವರ್‌ನ ಲೆಡ್ ಆ್ಯಸಿಡ್ ಬ್ಯಾಟರಿಯಲ್ಲಿ ಅರ್ಧವನ್ನಷ್ಟೇ ಬಳಸಬಹುದು. ಇನ್ವರ್ಟರ್‌ನ ನಷ್ಟ ಕಳೆದರೆ 100 ವ್ಯಾಟ್ ಐದು ಗಂಟೆ. ದಾರಿಯ ದೀಪ, ಊಟದ ಮೇಜು ಇದರ ಮೇಲಿದ್ದರೆ ಲೈನ್ ಹೋದಾಗ ಯಾರೂ ಎಡವುವುದಿಲ್ಲ.

ಹಿಂದಿನ ದಿನ, ಅದೇ ಹೊತ್ತಿಗೆ

ಹಗಲಲ್ಲಿ ಹಚ್ಚಿ ನೋಡುವುದು ಪರೀಕ್ಷೆಯಲ್ಲ. ಹಿಂದಿನ ಸಂಜೆ ಕತ್ತಲಾದ ಮೇಲೆ ಬಾಯ್ಲರ್, ಸೌಂಡ್, ದೀಪ ಎಲ್ಲವನ್ನೂ ಒಟ್ಟಿಗೆ ಒಂದು ಗಂಟೆ ಓಡಿಸಿ. ಕ್ಲ್ಯಾಂಪ್ ಮೀಟರ್ ಹಿಡಿದು ಕರೆಂಟ್ 13 ಆಂಪಿಯರ್ ದಾಟದಿರುವುದನ್ನು ನೋಡಿ. ಆಮೇಲೆ ಲೈನ್ ಆಫ್ ಮಾಡಿ ಪ್ಲಗ್‌ಗಳನ್ನು ಒಂದೊಂದಾಗಿ ಮುಟ್ಟಿ. ಕೈಗೆ ಬಿಸಿ ತಾಗಿದ ಪ್ಲಗ್ ಸಡಿಲವಾಗಿದೆ, ಬದಲಿಸಿ. ಮದುಮಕ್ಕಳ ಜಾಗದಲ್ಲಿ ಯಾರನ್ನಾದರೂ ನಿಲ್ಲಿಸಿ ಫೋಟೊ ತೆಗೆದು ಫೋಕಸ್ ತಿರುಗಿಸಿಕೊಳ್ಳಿ. ಊಟದ ಮೇಜಿನಿಂದ ಕೈತೊಳೆಯುವ ಜಾಗಕ್ಕೂ, ಅಲ್ಲಿಂದ ವಾಹನ ನಿಲ್ಲಿಸುವ ಕಡೆಗೂ ನಡೆದು ನೋಡಿ. ಮೆಟ್ಟಿಲು, ಗೂಟದ ಹಗ್ಗ, ಕೇಬಲ್ ದಾಟುವ ಜಾಗ ಕಾಣದಿದ್ದರೆ ಪರದೆಯ ಒಂದು ದೀಪ ಕಿತ್ತು ಅಲ್ಲಿಗೆ ಹಾಕಿ.