ನೀರಿನ ಸರದಿಯ ಜಾಡಿನಲ್ಲಿ: ಒಮಾನ್ ಹಳ್ಳಿಯೊಂದರ ಚಿತ್ರೀಕರಣ

ಅರಬ್ಬರ ನಿತ್ಯಜೀವನವನ್ನು ಸಾಕ್ಷ್ಯಚಿತ್ರವಾಗಿಸಬೇಕೆಂಬ ಹಂಬಲದಿಂದ ಮಸ್ಕತ್‌ನಿಂದ ಹೊರಟ ನಾನು ಕೊನೆಗೆ ಆರಿಸಿಕೊಂಡ ವಿಷಯ ನೀರಿನ ಸರದಿ. ನಿಜ್ವಾ ಸುತ್ತಲಿನ ಹಳ್ಳಿಗಳಲ್ಲಿ ಖರ್ಜೂರದ ತೋಟಗಳಿಗೆ ನೀರುಣಿಸುವುದು ಫಲಜ್ ಎಂಬ ಕಾಲುವೆ. ಪಂಪಿನ ಹಂಗಿಲ್ಲದೆ ಇಳಿಜಾರಿನಲ್ಲಿ ತಾನಾಗಿಯೇ ಹರಿದುಬರುವ ನೀರು ಅದು. ಇಂಥ ಐದು ಕಾಲುವೆಗಳನ್ನು ಯುನೆಸ್ಕೊ 2006ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದೆ. ಆ ಪಟ್ಟಿಯಲ್ಲಿಲ್ಲದ, ಪ್ರವಾಸಿಗರು ಸುಳಿಯದ ಸಣ್ಣ ಫಲಜ್ ಒಂದನ್ನು ನಾನು ಹುಡುಕಿಕೊಂಡೆ.

ಸರ್ಕಾರಿ ಅನುಮತಿ ಪತ್ರ ಕೈಯಲ್ಲಿದ್ದರೂ ಊರಿನ ಒಪ್ಪಿಗೆ ಸಿಗಬೇಕಾದದ್ದು ಸಬ್ಲಾದಲ್ಲಿ, ಅಂದರೆ ಗಂಡಸರು ಸೇರುವ ಚಾವಡಿಯಲ್ಲಿ. ಕ್ಯಾಮೆರಾ ಒಯ್ಯದೆ ಹೋಗಿ ಕೂತು, ಖರ್ಜೂರದೊಡನೆ ಏಲಕ್ಕಿ ಹಾಕಿದ ಕಾಫಿ ಕುಡಿದು, ಸಾಕೆನ್ನಲು ಲೋಟವನ್ನು ಮೆಲ್ಲಗೆ ಅಲುಗಿಸಿ, ನನ್ನ ಉದ್ದೇಶವನ್ನು ವಿವರಿಸಿದೆ. ಹೆಂಗಸರು ಬಳಸುವ ಸ್ನಾನಘಟ್ಟದ ಕಡೆಗೂ ಮನೆಯಂಗಳಗಳ ಕಡೆಗೂ ಕ್ಯಾಮೆರಾ ತಿರುಗಬಾರದೆಂಬುದು ಹಿರಿಯರ ಷರತ್ತಾಗಿತ್ತು. ಅದನ್ನು ಒಪ್ಪಿದ ಮೇಲೆ ಚಿತ್ರದ ದಾರಿಯೂ ನಿಚ್ಚಳವಾಯಿತು: ಕುಡಿಯುವ ನೀರು ತುಂಬಿಕೊಳ್ಳುವ ಮೇಲ್ತುದಿಯಿಂದ ಮಸೀದಿ, ಅಲ್ಲಿಂದ ನೇರವಾಗಿ ತೋಟ.

ತೋಟದಲ್ಲಿ ನೀರಿನ ಹಕ್ಕನ್ನು ಅಳೆಯುವುದು ಹೊತ್ತಿನಿಂದ. ಸುಮಾರು ಅರ್ಧ ಗಂಟೆಗೆ ಒಂದು ಅಥರ್. ಹಿಂದೆ ಹಗಲಲ್ಲಿ ನೆಟ್ಟ ಕೋಲಿನ ನೆರಳು, ಇರುಳಲ್ಲಿ ನಕ್ಷತ್ರಗಳು ಅದರ ಲೆಕ್ಕ ಹೇಳುತ್ತಿದ್ದವು, ಈಗ ಕೈಗಡಿಯಾರ ಹೇಳುತ್ತದೆ. ಸರದಿ ಮುಗಿದೊಡನೆ ಒಬ್ಬರು ಮುಂದಿನ ತೋಟದ ಕಾಲುವೆಯ ಬಾಯಿಗೆ ತುರುಕಿದ್ದ ಬಟ್ಟೆ, ಕಲ್ಲನ್ನು ಕಿತ್ತು, ಹಳೆಯ ದಾರಿಗೆ ಅದೇ ಬಟ್ಟೆಯನ್ನು ಒತ್ತಿ, ಹಿಮ್ಮಡಿಯಿಂದ ಕೆಸರು ಮೆಟ್ಟುತ್ತಾರೆ. ನೀರು ಅರೆಕ್ಷಣ ತಡೆದು ಪಕ್ಕದ ತೋಟಕ್ಕೆ ಹೊರಳುತ್ತದೆ. ಇದನ್ನು ಕತ್ತರಿಸದೆ ಒಂದೇ ಶಾಟ್‌ನಲ್ಲಿ ಹಿಡಿದೆ. ಇಣುಕಿ ನೋಡಿದಂತೆ ಕಾಣುವ ಉದ್ದನೆಯ ಲೆನ್ಸ್ ಬಿಟ್ಟು 35 ಎಂಎಂ ಲೆನ್ಸ್ ಹಾಕಿ, ಮಾತಾಡಿಸುವಷ್ಟು ಹತ್ತಿರ ನಿಲ್ಲುತ್ತಿದ್ದೆ. ಬಿಸಿಲೇರುವ ಮೊದಲೇ ಕೆಲಸ ಮುಗಿಸಬೇಕಿದ್ದುದರಿಂದ ಬೆಳಗಿನ ನಮಾಜಿನ ನಂತರದ ಹೊತ್ತೇ ನನ್ನ ಮುಖ್ಯ ಸಮಯವಾಗಿತ್ತು.

ಕೆಸರು ಮೆಟ್ಟುತ್ತಿದ್ದವರು ಬಹುಪಾಲು ಬಾಂಗ್ಲಾದೇಶದ ಕಾರ್ಮಿಕರು. ಅರಬ್ ಬದುಕಿನ ಚಿತ್ರದಲ್ಲಿ ಅವರೇಕೆ ಎಂದು ಕೆಲವರು ಕೇಳಿದರು. ಸರದಿಯ ಒಡೆಯ ಮತ್ತು ಸಲಿಕೆ ಹಿಡಿದವನು ಒಂದೇ ಚೌಕಟ್ಟಿನಲ್ಲಿ ಇಲ್ಲದಿದ್ದರೆ ಅದು ಇಂದಿನ ಒಮಾನ್ ಹಳ್ಳಿಯೇ ಅಲ್ಲ ಎಂಬುದು ನನ್ನ ದೃಢವಾದ ನಿಲುವು. ಯಜಮಾನರೆದುರು ಬೇಡವೆನ್ನಲು ಅವರಿಗೆ ಕಷ್ಟವಾಗುವುದರಿಂದ, ಸಂಜೆ ಅವರ ಕೋಣೆಗೆ ಹೋಗಿ, ಹಿಂದಿಯಲ್ಲಿ ಎಲ್ಲವನ್ನೂ ತಿಳಿಸಿ, ಪ್ರತ್ಯೇಕವಾಗಿ ಒಪ್ಪಿಗೆ ಪಡೆದೆ, ಒಪ್ಪದವರನ್ನು ಚಿತ್ರೀಕರಿಸಲಿಲ್ಲ.

ಸಂಕಲನದ ಕರಡನ್ನು ಸಬ್ಲಾದ ಗೋಡೆಯ ಮೇಲೆ ಎಲ್ಲರಿಗೂ ತೋರಿಸಿದಾಗ, ಸರದಿಯ ವಿಚಾರವಾಗಿ ಇಬ್ಬರು ನೆರೆಯವರು ಜಗಳವಾಡುವ ಭಾಗ ಬೇಡವೆಂದು ಅವರಲ್ಲೊಬ್ಬರು ಕೇಳಿಕೊಂಡರು. ಅದು ಚಿತ್ರದ ಅತ್ಯಂತ ಜೀವಂತ ಭಾಗವಾಗಿತ್ತಾದರೂ, ಒಂದೇ ಕಾಲುವೆಯನ್ನು ನೆಚ್ಚಿ ಬಾಳಬೇಕಾದವರ ಮಾತಿಗೆ ಬೆಲೆ ಕೊಟ್ಟು ತೆಗೆದೆ. ಆ ಜಾಗದಲ್ಲಿ ಈಗ ಫಲಜ್‌ನ ಉಸ್ತುವಾರಿ ನೋಡುವ ಹಿರಿಯರು ಲೆಕ್ಕದ ಪುಸ್ತಕ ತೆರೆದು ಯಾರಿಗೆ ಎಷ್ಟು ಅಥರ್ ಎಂದು ಓದಿ ಹೇಳುವ ದೃಶ್ಯವಿದೆ.