ಹಳೇ ಪೇಟೆಗೆ ಗೈಡ್ ಗೊತ್ತುಮಾಡಿಕೊಂಡು ಹೋದದ್ದು

ಬೆಂಗಳೂರಿನಲ್ಲೇ ತಲೆ ನರೆತವರಿಗೂ ಹಳೇ ಪೇಟೆ ಅಂದರೆ ಸೀರೆ, ಪಾತ್ರೆ, ಲಗ್ನಪತ್ರಿಕೆ, ಎಸ್.ಪಿ. ರಸ್ತೆಯ ವೈರು. ಕೆಲಸ ಮುಗಿಸಿ ಯಾವಾಗ ಹೊರಬೀಳುತ್ತೇವೋ ಅನ್ನಿಸುವ ಜಾಗ. ಅಲ್ಲಿ ಸುಮ್ಮನೆ ನಡೆಯುವುದಕ್ಕೆ ದುಡ್ಡು ಕೊಟ್ಟು ಗೈಡ್ ಕರೆದುಕೊಂಡು ಹೋಗುತ್ತೇನೆ ಅಂದಾಗ ಆಫೀಸಿನವರು ನಕ್ಕರು. ಶಿವಮೊಗ್ಗದಿಂದ ಬಂದಿದ್ದ ಅಪ್ಪ ಮಾತ್ರ ನಗಲಿಲ್ಲ. ಇತಿಹಾಸದ ಮೇಷ್ಟ್ರಾಗಿ ನಿವೃತ್ತರಾದವರು. ಕೆಂಪೇಗೌಡರ ಊರು ನೋಡಬೇಕು ಅನ್ನುವುದು ಅವರದೇ ಬೇಡಿಕೆ. ಜೊತೆಗೆ ಪಿಯುಸಿ ಓದುವ ಅಣ್ಣನ ಮಗಳು.

ಗುಂಪಿನಲ್ಲಿ ಹೋಗುವ ನಡಿಗೆಗಳು ಊರಲ್ಲಿ ಬೇಕಾದಷ್ಟಿವೆ. ಹಳೇ ಕಟ್ಟಡ, ಪರಂಪರೆ ಉಳಿಸಲು ದುಡಿಯುವ ಇಂಟ್ಯಾಕ್ ಸಂಸ್ಥೆಯ ಬೆಂಗಳೂರು ಶಾಖೆಯವರೂ ನಡೆಸುತ್ತಾರೆ. ಒಬ್ಬರೇ ಹೋಗುವವರಿಗೆ ಅದೇ ಸರಿ, ಖರ್ಚೂ ಕಡಿಮೆ. ನಮಗೆ ಒಗ್ಗದೇ ಇದ್ದದ್ದು ಅಪ್ಪನ ಮಂಡಿನೋವು ಮತ್ತು ಅಪ್ಪನ ಪ್ರಶ್ನೆಗಳಿಂದ. ಇಪ್ಪತ್ತು ಜನ ಕಾಯುತ್ತಾ ನಿಂತಿರುವಾಗ ಇವರು ಒಂದು ಕಂಬದ ಹತ್ತಿರ ನಿಂತು ವಾದ ಶುರು ಮಾಡಿದರೆ ನಾನು ಮುಖ ಎಲ್ಲಿಟ್ಟುಕೊಳ್ಳಲಿ? ಖಾಸಗಿ ನಡಿಗೆಗೆ ಸಾಮಾನ್ಯವಾಗಿ ತಲೆಗಿಷ್ಟು ಅಂತಿರುವುದಿಲ್ಲ, ಇಡೀ ತಂಡಕ್ಕೆ ಇಷ್ಟು ಅಂತ. ನಾಲ್ಕೈದು ಜನ ಸೇರಿದರೆ ಗುಂಪಿನ ನಡಿಗೆಗಿಂತ ಬಹಳವೇನೂ ಹೆಚ್ಚಾಗದು.

ಫೋನಿನಲ್ಲಿ ಮೊದಲು ಮಾತಾಡಿದವರೊಬ್ಬರು ಕಳಿಸಿದ ಪಟ್ಟಿಯಲ್ಲಿ ಹನ್ನೆರಡು ಜಾಗಗಳಿದ್ದವು, ಕೊನೆಯದು ಸೀರೆ ಅಂಗಡಿ. ಚಿಕ್ಕಪೇಟೆಯಲ್ಲಿ ಸೀರೆ ಕೊಳ್ಳಲು ನನಗೆ ಗೈಡ್ ಬೇಕಿಲ್ಲ. ಆಮೇಲೆ ಪರಿಚಯದವರ ಮೂಲಕ ಸಿಕ್ಕವರು ಕಬ್ಬನ್‌ಪೇಟೆಯಲ್ಲಿ, ಮಗ್ಗದ ಮನೆಯಲ್ಲಿ ಹುಟ್ಟಿ ಬೆಳೆದ ಹಿರಿಯರು. ಅವರಿಗೆ ನಾನು ಇಟ್ಟ ಮೊದಲ ಷರತ್ತು, ಇಡೀ ವಿವರಣೆ ಕನ್ನಡದಲ್ಲೇ ಆಗಬೇಕು ಅನ್ನುವುದು. ಅವರು ಒಂದು ಕ್ಷಣ ಸುಮ್ಮನಾಗಿ, "ಕನ್ನಡದಲ್ಲಿ ಕೇಳೋರು ಬಹಳ ಕಡಿಮೆ ಮೇಡಂ. ಆಗ್ಲಿ, ಖುಷಿಯಾಗಿ ಮಾಡೋಣ" ಅಂದರು. ಅಪ್ಪನಿಗೆ ಅನುಕೂಲವಾಗಲಿ ಅಂತ ನಾನು ಕೇಳಿದ್ದು. ಅದರಿಂದ ಆದ ಲಾಭ ಬೇರೆಯೇ. ಅದನ್ನು ಮುಂದೆ ಹೇಳುತ್ತೇನೆ.

ಟಿಪ್ಪುವಿನ ಬೇಸಿಗೆ ಅರಮನೆ ಪಟ್ಟಿಯಲ್ಲಿ ಬೇಡ ಅಂತಲೂ ಹೇಳಿದೆ. ಹೈದರಾಲಿ 1781ರಲ್ಲಿ ಶುರು ಮಾಡಿಸಿ ಟಿಪ್ಪು 1791ರಲ್ಲಿ ಮುಗಿಸಿದ ಆ ತೇಗದ ಕಂಬಗಳ ಅರಮನೆ ಚೆನ್ನಾಗಿಯೇ ಇದೆ. ಆದರೆ ಅಲ್ಲಿ ಟಿಕೆಟ್ ಇದೆ, ಫಲಕ ಇದೆ, ಯಾವತ್ತಾದರೂ ನಾವೇ ಹೋಗಿ ನೋಡಬಹುದು. ಗೈಡ್‌ಗೆ ಕೊಡುವ ಗಂಟೆಗಳನ್ನು ಫಲಕ ಇಲ್ಲದ ಕಡೆ ಖರ್ಚು ಮಾಡಬೇಕು ಅನ್ನುವುದು ನನ್ನ ಲೆಕ್ಕ.

ದಿನ ಅವರೇ ಆರಿಸಿದರು. ಭಾನುವಾರವಾದರೆ ಅಂಗಡಿಗಳ ಷಟರ್ ಮುಚ್ಚಿ ಬೀದಿ ಖಾಲಿ ಇರುತ್ತದೆ, ಮೇಲಂತಸ್ತುಗಳ ಹಳೇ ಕಿಟಕಿ, ಕಟಾಂಜನ ಕಣ್ತುಂಬ ನೋಡಬಹುದು, ಅವೆನ್ಯೂ ರಸ್ತೆಯ ಫುಟ್‌ಪಾತ್‌ನಲ್ಲಿ ಹಳೇ ಪುಸ್ತಕ ಹರಡಿರುತ್ತಾರೆ. ಆದರೆ ಪೇಟೆ ಪೇಟೆಯ ಹಾಗಿರುವುದಿಲ್ಲ. ಹಾಗಾಗಿ ಶನಿವಾರ, ಬೆಳಗ್ಗೆ ಆರೂವರೆಗೆ, ಮಾರ್ಕೆಟ್ ಮೆಟ್ರೊ ನಿಲ್ದಾಣದ ಹೊರಗೆ. ವಯಸ್ಸಾದವರನ್ನು ಕರೆದೊಯ್ಯುವವರಿಗೆ ಒಂದು ಮಾತು: ಈ ನಿಲ್ದಾಣ, ಆಚೆ ಚಿಕ್ಕಪೇಟೆ ನಿಲ್ದಾಣ, ಇವೆರಡರಲ್ಲಿರುವ ಶೌಚಾಲಯಗಳನ್ನು ನಂಬಿಕೊಂಡೇ ದಾರಿ ಹಾಕಿಕೊಳ್ಳಿ. ನಡುವೆ ಕೇಳಬೇಡಿ.

ಮಾರ್ಕೆಟ್ಟಿನ ಹೂವಿನ ಕಟ್ಟೆಗೆ ಕೆಳಗಿನಿಂದ ನುಗ್ಗದೆ ಮೊದಲು ಮಹಡಿಗೆ ಹತ್ತಿಸಿದರು. ಮೇಲಿಂದ ನೋಡಿದರೆ ಚೆಂಡುಹೂವು, ಸೇವಂತಿಗೆ, ಕನಕಾಂಬರದ ರಾಶಿಗಳ ನಡುವೆ ತಲೆಗಳು ಮಾತ್ರ ಕಾಣುತ್ತವೆ. ಇದು ಫೋಟೊ ತೆಗೆಯುವವರೆಲ್ಲ ಬಂದು ನಿಲ್ಲುವ ಜಾಗ. ಅಣ್ಣನ ಮಗಳೂ ನಿಂತಳು. ಅವಳ ಮೊಬೈಲು ಕೆಳಗಿಳಿಯುವವರೆಗೆ ಕಾದು ಅವರು ಹೇಳಿದ್ದಿಷ್ಟು: ನಾವು ನಿಂತಿರುವ ಕಡೆ ಸಿದ್ದಿಕಟ್ಟೆ ಅಂತ ಕೆರೆ ಇತ್ತು, ಈ ಮಾರುಕಟ್ಟೆ 1928ರದ್ದು, ಕೃಷ್ಣರಾಜ ಒಡೆಯರ ಹೆಸರಿನದು, ಇದರ ಎರಡೂ ಕಡೆ ಎರಡು ಊರುಗಳಿದ್ದವು. ದಕ್ಷಿಣಕ್ಕೆ ಕೋಟೆ, ಉತ್ತರಕ್ಕೆ ಪೇಟೆ. ಕೋಟೆಯಲ್ಲಿ ದೊರೆ, ಪೇಟೆಯಲ್ಲಿ ದುಡಿಮೆ. "ಇದೊಂದು ತಲೇಲಿದ್ರೆ ಸಾಕು, ಮಿಕ್ಕಿದ್ದು ತಾನೇ ಕೂತ್ಕೊಳ್ಳುತ್ತೆ" ಅಂದರು.

ಕೆಳಗೆ ನೆಲ ಒದ್ದೆ, ಹೂವಿನ ಕಸ, ಜಾರುತ್ತದೆ. ಚಪ್ಪಲಿಗಿಂತ ಹಿಡಿತವಿರುವ, ಸುಲಭವಾಗಿ ಕಳಚಬಹುದಾದ ಶೂ ಒಳ್ಳೆಯದು, ಮುಂದೆ ದೇವಸ್ಥಾನಗಳಿವೆ. ಮೂಟೆ ಹೊತ್ತವರು "ಸೈಡ್, ಸೈಡ್" ಅಂದಾಗ ಗೋಡೆಗೆ ಒತ್ತಿಕೊಂಡುಬಿಡಬೇಕು. ಅವರ ಬೆನ್ನ ಮೇಲಿನ ಭಾರಕ್ಕೆ ನಮ್ಮ ಇತಿಹಾಸ ಕಟ್ಟಿಕೊಂಡು ಏನಾಗಬೇಕು.

ಕೋಟೆಯಲ್ಲಿ ಉಳಿದಿರುವುದು ಒಂದು ತುಂಡು, ದಿಲ್ಲಿ ಬಾಗಿಲು ಮತ್ತು ಅದರ ಸುತ್ತಿನ ಗೋಡೆ. 1537ರಲ್ಲಿ ಕೆಂಪೇಗೌಡರು ಕಟ್ಟಿದ್ದು ಮಣ್ಣಿನ ಕೋಟೆ, ಅದನ್ನು ಕಲ್ಲಿನದಾಗಿ ಮಾಡಿಸಿದ್ದು ಹೈದರಾಲಿ, 1761ರಲ್ಲಿ. ಹೊರಗೋಡೆಯಲ್ಲಿರುವ ಅಮೃತಶಿಲೆಯ ಫಲಕದ ಎದುರು ಗೈಡ್ ತಮ್ಮ ಪ್ಲಾಸ್ಟಿಕ್ ಫೈಲ್ ಬಿಚ್ಚಿದರು. 1791ರ ಮಾರ್ಚ್ 21ರಂದು ಇಲ್ಲಿ ಒಡೆದ ಗೋಡೆಯಿಂದಲೇ ಬ್ರಿಟಿಷರ ದಾಳಿ ನಡೆಯಿತು ಎಂದು ಆ ಫಲಕ ಹೇಳುತ್ತದೆ. ಅದು ಹೇಳದ ಸಂಗತಿ, ಬ್ರಿಟಿಷ್ ಸೇನಾಪತಿ ಕಾರ್ನ್‌ವಾಲಿಸ್ ಮೊದಲು ಹಿಡಿದದ್ದು ಪೇಟೆಯನ್ನು, ಎರಡು ವಾರ ಮುಂಚೆ, ಮಾರ್ಚ್ 7ಕ್ಕೆ. ಕರ್ನಲ್ ಮೂರ್‌ಹೌಸ್ ಎಂಬ ಅಧಿಕಾರಿ ಪೇಟೆಯ ಬಾಗಿಲಲ್ಲೇ ಸತ್ತ. ರಾಬರ್ಟ್ ಹೋಮ್ ಎಂಬ ಚಿತ್ರಕಾರ ಅದನ್ನು ಚಿತ್ರಿಸಿದ. ಅದರ ಪ್ರಿಂಟ್ ಫೈಲಿನಲ್ಲಿತ್ತು. ಅಪ್ಪ ಕನ್ನಡಕ ಸರಿಮಾಡಿಕೊಂಡು, "ಪೇಟೇನೇ ಮೊದಲು ಯಾಕೆ?" ಅಂದರು. ದವಸ, ಮೇವು, ಸರಕು ಎಲ್ಲ ಅಲ್ಲಿತ್ತಲ್ಲ ಸಾರ್, ಸೈನ್ಯಕ್ಕೆ ಹೊಟ್ಟೆ ಇಲ್ಲವೇ, ಅಂದರು ಇವರು. ಅಲ್ಲಿಂದ ಇಬ್ಬರೂ ಜೋಡಿಯಾದರು, ನಾವಿಬ್ಬರು ಹಿಂದೆ.

ಆ ಫೈಲಿನಲ್ಲಿದ್ದ ಇನ್ನೊಂದು ಹಾಳೆ, ಅದೇ ಮುತ್ತಿಗೆಯ ಕಾಲದಲ್ಲಿ ಇಂಗ್ಲಿಷರು ಬರೆದ ನಕ್ಷೆ. ಮೊಟ್ಟೆಯಾಕಾರದ ಕೋಟೆ, ಅದಕ್ಕೆ ಅಂಟಿದ ಪೇಟೆ, ಪೇಟೆಯ ಸುತ್ತ ಕಂದಕ ಮತ್ತು ಮುಳ್ಳುಪೊದೆಯ ಬೇಲಿ. ನನ್ನ ಮಟ್ಟಿಗೆ ಇಡೀ ನಡಿಗೆಯಲ್ಲಿ ಅತಿ ಉಪಯೋಗಕ್ಕೆ ಬಂದ ವಸ್ತು ಅದೇ. ಗೈಡ್ ಗೊತ್ತುಮಾಡುವಾಗ "ಹಳೇ ನಕ್ಷೆ ತರ್ತೀರಾ?" ಅಂತ ಕೇಳಿ ನೋಡಿ, ಅವರ ಉತ್ತರದಲ್ಲೇ ಆಸಾಮಿ ಎಂಥವರು ಅಂತ ತಿಳಿಯುತ್ತದೆ.

ಅವೆನ್ಯೂ ರಸ್ತೆ, ಅಂದರೆ ದೊಡ್ಡಪೇಟೆ, ನಕ್ಷೆಯಲ್ಲಿ ಉತ್ತರ ದಕ್ಷಿಣಕ್ಕೆ ನೆಟ್ಟಗೆ ಎಳೆದ ಗೆರೆ. ಅದನ್ನು ಅಡ್ಡ ಹಾಯುವ ಗೆರೆ ಪಶ್ಚಿಮಕ್ಕೆ ಚಿಕ್ಕಪೇಟೆ, ಪೂರ್ವಕ್ಕೆ ನಗರ್ತಪೇಟೆ. ಎರಡೂ ಕೂಡುವಲ್ಲಿ ನಿಂತು ಅವರು ಎತ್ತುಗಳ ಕಥೆ ಶುರು ಮಾಡಿದರು. ಶುಭಮುಹೂರ್ತದಲ್ಲಿ ನಾಲ್ಕು ಜೋಡಿ ಎತ್ತುಗಳನ್ನು ನಾಲ್ಕು ದಿಕ್ಕಿಗೆ ಬಿಟ್ಟು, ನೇಗಿಲು ಗೀರಿದ ಸಾಲೇ ಬೀದಿಯಾಯಿತು, ಎತ್ತು ನಿಂತಲ್ಲಿ ಊರ ಬಾಗಿಲಾಯಿತು. "ಇದು ಕಥೆ ಸಾರ್, ದಾಖಲೆ ಅಲ್ಲ. ಆದ್ರೆ ಬೀದಿ ಇಲ್ಲೇ ಇದೆ, ನೋಡ್ಕೊಳ್ಳಿ" ಅಂತ ಸೇರಿಸಿದರು. ಈ ಒಂದು ಅಭ್ಯಾಸಕ್ಕೇ ಅವರಿಗೆ ಕೊಟ್ಟ ದುಡ್ಡು ಸಂದಿತು ಅನ್ನಿಸಿತು ನನಗೆ. ಕಥೆಯನ್ನು ಬಿಡಲೂ ಇಲ್ಲ, ಇತಿಹಾಸ ಅಂತ ದಾಟಿಸಲೂ ಇಲ್ಲ.

ಕನ್ನಡದ ಷರತ್ತು ಫಲ ಕೊಟ್ಟದ್ದು ಇಲ್ಲಿಯೇ. ಇಂಗ್ಲಿಷಿನಲ್ಲಿ ವಿವರಿಸಿಕೊಂಡು ಹೋಗುವ ಗೈಡ್‌ನನ್ನು ಬೀದಿಯವರು ಯಾರೋ ಟೂರಿಸ್ಟು ಅಂತ ನೋಡಿ ಸುಮ್ಮನಾಗುತ್ತಾರೆ. ಕನ್ನಡದಲ್ಲಿ ಮಾತಾಡಿದರೆ ಕೇಳಿಸಿಕೊಳ್ಳುತ್ತಾರೆ, ಕೇಳಿಸಿಕೊಂಡವರು ಬಾಯಿ ಹಾಕದೆ ಬಿಡುವುದಿಲ್ಲ. ಷಟರ್ ಎತ್ತುತ್ತಿದ್ದ ಮಾರ್ವಾಡಿ ಯಜಮಾನರೊಬ್ಬರು ಅಚ್ಚ ಕನ್ನಡದಲ್ಲಿ, "ನಮ್ ತಾತಂಗೆ ಕಾಗದ ದೊಡ್ಡಪೇಟೆ ಅಂತಾನೇ ಬರ್ತಿತ್ತು, ಅವೆನ್ಯೂ ಅಂದ್ರೆ ಅವ್ರಿಗೆ ಕೋಪ" ಅಂದರು. ಪಕ್ಕದ ಟೀ ಅಂಗಡಿಯವನಿಗೆ ಹಲಸೂರು ಗೇಟ್ ಪೊಲೀಸ್ ಠಾಣೆ ಗೊತ್ತು, ಗೇಟು ಯಾವುದು ಅಂತ ಯಾವತ್ತೂ ಯೋಚಿಸಿರಲಿಲ್ಲವಂತೆ. ಅದು ಪೇಟೆಗೋಡೆಯ ಬಾಗಿಲು, ಹತ್ತೊಂಬತ್ತನೆಯ ಶತಮಾನದಲ್ಲಿ ಗೋಡೆ ಕೆಡವಿ ಕಂದಕ ಮುಚ್ಚಿದ ಮೇಲೆ ಹೆಸರಷ್ಟೇ ಉಳಿಯಿತು, ಅಂತ ನಮ್ಮವರು ಹೇಳಿದರು. ಮೈಸೂರು ಬ್ಯಾಂಕ್ ವೃತ್ತದ ಹತ್ತಿರ ಯಲಹಂಕ ಬಾಗಿಲಿನ ಆಂಜನೇಯ ಹಾಗೆಯೇ ಉಳಿದಿದ್ದಾನೆ, ಕಾಯಲು ಬಾಗಿಲಿಲ್ಲ. ಟೀ ಅಂಗಡಿಯವನು ನಮ್ಮ ಟೀಗೆ ದುಡ್ಡು ತೆಗೆದುಕೊಳ್ಳಲು ಒಪ್ಪಲಿಲ್ಲ; ಅಣ್ಣನ ಮಗಳು ಬಲವಂತವಾಗಿ ಸ್ಕ್ಯಾನ್ ಮಾಡಿ ಕೊಟ್ಟಳು.

ನಗರ್ತಪೇಟೆಯ ಒಂದು ಅಡ್ಡಸಂದಿಯಲ್ಲಿ, ಮೊದಲೇ ಹೇಳಿಟ್ಟಿದ್ದ ಮನೆಗೆ ಕರೆದೊಯ್ದರು. ಹೊರಗಿಂದ ನೋಡಿದರೆ ಗೋಡೌನು. ಮುಂಭಾಗದ ಅಗಲ ಎರಡು ಆಳು ಕೈ ಚಾಚುವಷ್ಟು, ಜಗಲಿಯ ಮೇಲೆ ರಟ್ಟಿನ ಪೆಟ್ಟಿಗೆಗಳು. ಪೆಟ್ಟಿಗೆಗಳ ನಡುವಿನ ಓಣಿಯಲ್ಲಿ ಒಂದೊಂದೇ ಹೆಜ್ಜೆ ಹೋದರೆ ಒಳಗೆ ತೊಟ್ಟಿ. ಮೇಲಿಂದ ಬಿಸಿಲು ಬೀಳುವ ಚೌಕ, ನಾಲ್ಕು ಮೂಲೆಗೆ ಕಲ್ಲಿನ ಪೀಠದ ಮೇಲೆ ನಿಂತ ಮರದ ಕಂಬ, ಕಂಬದ ಬೋದಿಗೆಯಲ್ಲಿ ಕೆತ್ತಿದ ಬಾಳೆಮೊಗ್ಗು. ಒಂದು ಕಂಬಕ್ಕೆ ಸೊಂಟದೆತ್ತರದಲ್ಲಿ ನುಣುಪು ಬಂದಿತ್ತು. ತಲೆಮಾರುಗಟ್ಟಲೆ ಮಕ್ಕಳು ಅದನ್ನು ಹಿಡಿದು ಸುತ್ತಿದ್ದಾರೆ ಅಂದರು ಮನೆಯ ಅಜ್ಜಿ. "ಬಾರಮ್ಮ, ಕೂತ್ಕೋ. ನಿಮ್ಮ ಅಪ್ಪಾಜಿಗೆ ಆ ಕುರ್ಚಿ ಹಾಕು" ಅಂತ ನನಗೇ ಕೆಲಸ ಹೇಳಿದರು. ನೆಂಟರೆಲ್ಲ ಬಸವನಗುಡಿಯಲ್ಲಿದ್ದಾರಂತೆ. 1898ರ ಪ್ಲೇಗ್ ಬಂದ ಮೇಲೆ ಉಳ್ಳವರು ಈ ಇಕ್ಕಟ್ಟು ಬಿಟ್ಟು ಬಸವನಗುಡಿ, ಮಲ್ಲೇಶ್ವರದ ಕಡೆ ಹೋದ ಸಂಗತಿ ಗೈಡ್ ವಿವರಿಸುತ್ತಿದ್ದರೆ ಅಜ್ಜಿ ನಡುವೆ, "ನಾವು ಹೋಗ್ಲಿಲ್ಲ, ಅಂಗಡಿ ಬಿಟ್ಟು ಹೋಗೋಕಾಗುತ್ತಾ" ಅಂತ ನಿನ್ನೆಯ ವಿಷಯದಂತೆ ಹೇಳಿದರು. ಇಂಥ ಮನೆಯೊಳಗೆ ಫೋಟೊ ಬೇಕಿದ್ದರೆ ಕೇಳಿ ತೆಗೆಯಿರಿ. ಅಜ್ಜಿ ಕಂಬ ತೆಗೆಯಲು ಬಿಟ್ಟರು, ಅಡುಗೆಮನೆ ಬೇಡ ಅಂದರು.

ಧರ್ಮರಾಯನ ಗುಡಿಗೆ ಬರುವ ಹೊತ್ತಿಗೆ ಒಂಬತ್ತೂವರೆ, ಅಪ್ಪನ ಮಂಡಿ ದೂರು ಹೇಳುತ್ತಿತ್ತು. ಗುಡಿಯ ಹತ್ತಿರ ಕೂರಿಸಿಯೇ ಕರಗದ ಮಾತು ಆಯಿತು. ಚೈತ್ರ ಪೌರ್ಣಮಿಯ ರಾತ್ರಿ ತಿಗಳ ಸಮುದಾಯದ ಅರ್ಚಕ ಹೂವಿನ ಕರಗ ಹೊತ್ತು ಇಲ್ಲಿಂದ ಹೊರಡುವುದು, ಕತ್ತಿ ಹಿಡಿದ ವೀರಕುಮಾರರು ಸುತ್ತ ಇರುವುದು, ದಾರಿಯಲ್ಲಿ ಕಾಟನ್‌ಪೇಟೆಯ ಮಸ್ತಾನ್ ಸಾಹೇಬರ ದರ್ಗಾಕ್ಕೆ ಹೋಗುವುದು ಎಲ್ಲರಿಗೂ ಗೊತ್ತು. ಅವರು ತೋರಿಸಿದ್ದು ದಾರಿಯನ್ನು. ನಾವು ಬೆಳಗ್ಗೆಯಿಂದ ನಡೆದ ಎಷ್ಟೋ ಬೀದಿಗಳು ಕರಗವೂ ಸುತ್ತುವ ಬೀದಿಗಳೇ. ಅಪ್ಪ ನಕ್ಷೆ ತರಿಸಿ, ಮಂಡಿಯ ಮೇಲಿಟ್ಟುಕೊಂಡು, ಪೆನ್ಸಿಲಿನಿಂದ ಒಂದೊಂದೇ ಪೇಟೆ ಗುರುತು ಹಾಕಿಸಿಕೊಂಡರು: ಗಾಣಿಗರಪೇಟೆ, ಕುಂಬಾರಪೇಟೆ, ಅಕ್ಕಿಪೇಟೆ, ತರಗುಪೇಟೆ. ಅಣ್ಣನ ಮಗಳು ಬಗ್ಗಿ ಮೊಬೈಲಿನ ಮ್ಯಾಪಿಗೆ ಹೋಲಿಸಿ ಹೇಳುತ್ತಿದ್ದಳು.

ದುಡ್ಡಿನ ವಿಷಯ. ಮಾತಾದ ಮೊತ್ತವನ್ನು ಕೊನೆಗೆ ಕೊಟ್ಟೆ, ಮೂರು ಗಂಟೆ ದಾಟಿದ್ದಕ್ಕೆ ಅವರು ಹೆಚ್ಚಿಗೆ ಕೇಳಲಿಲ್ಲ. ನಾನೇ ಸೇರಿಸಿದೆ, ಎರಡು ಸಲ ಬೇಡ ಅಂದು ತೆಗೆದುಕೊಂಡರು. ಅಜ್ಜಿಯ ಮನೆಗೆ ಏನಾದರೂ ಕೊಡಬೇಕೇ ಅಂತ ಮೊದಲೇ ಕೇಳಿದ್ದೆ. ದುಡ್ಡು ಬೇಡ, ಹೂವು ಹಣ್ಣು ತನ್ನಿ ಅಂದಿದ್ದರು. ಮಾರ್ಕೆಟ್ಟಿನಲ್ಲೇ ನಾಲ್ಕು ಮೊಳ ಮಲ್ಲಿಗೆ, ಒಂದು ಡಜನ್ ಏಲಕ್ಕಿಬಾಳೆ ಕೊಂಡಿದ್ದೆವು.

ಚಿಕ್ಕಪೇಟೆಯಿಂದ ಪಶ್ಚಿಮಕ್ಕಿರುವ ಬಳೇಪೇಟೆ, ಕಾಟನ್‌ಪೇಟೆ ಬಾಕಿ ಉಳಿದವು. ಒಂದೇ ದಿನಕ್ಕೆ ಎರಡೂ ಕಡೆ ಅಂತ ಯಾರಾದರೂ ಹೇಳಿದರೆ ಒಪ್ಪಬೇಡಿ, ಕಾಲು ನಡೆದರೂ ತಲೆ ನಡೆಯುವುದಿಲ್ಲ. ಅಪ್ಪ ಊರಿಗೆ ಹೋಗುವ ಮೊದಲು ತಾವೇ ಗೈಡ್‌ಗೆ ಫೋನ್ ಮಾಡಿ ದೀಪಾವಳಿಗೆ ಬರುತ್ತೇನೆ, ಉಳಿದದ್ದು ಆಗ ಮುಗಿಸೋಣ ಅಂದರು. "ದೀಪಾವಳಿ ಹೊತ್ತಿಗೆ ಬೇಡ ಮೇಷ್ಟ್ರೆ, ಪೇಟೇಲಿ ಕಾಲಿಡೋಕೆ ಜಾಗ ಇರಲ್ಲ. ಸಂಕ್ರಾಂತಿ ಕಳೀಲಿ" ಅಂದರಂತೆ ಆ ಕಡೆಯಿಂದ. ಸಂಕ್ರಾಂತಿ ಕಳೆದ ಮೊದಲ ಶನಿವಾರಕ್ಕೆ ರೈಲು ಬುಕ್ ಆಗಿದೆ.