ಅಡುಗೆಮನೆ ಕಸ ಮತ್ತು ಕರಡಿ: ವ್ಯಾಂಕೂವರ್ ಕಡೆ ಹೊಸದಾಗಿ ಮನೆ ಮಾಡಿದವರಿಗೆ

ಕೊಕ್ವಿಟ್ಲಮ್, ಪೋರ್ಟ್ ಮೂಡಿ, ನಾರ್ತ್ ವ್ಯಾಂಕೂವರ್ ಕಡೆ ಮನೆ ಹಿಡಿದಿದ್ದರೆ ಒಂದು ವಿಷಯ ಮೊದಲೇ ತಿಳಿದಿರಲಿ. ಇಲ್ಲಿ ಕಾಡು ಊರಿಗೆ ತಾಗಿಕೊಂಡೇ ಇದೆ, ಕಪ್ಪು ಕರಡಿ ಬೀದಿಗೆ ಬರುವುದು ಅಪರೂಪವಲ್ಲ. ಕಸದ ರುಚಿ ಹತ್ತಿದ ಕರಡಿ ಮತ್ತೆ ಮತ್ತೆ ಬರುತ್ತದೆ, ಕೊನೆಗೆ ಎಷ್ಟೋ ಸಲ ಅದನ್ನು ಕೊಲ್ಲಬೇಕಾಗುತ್ತದೆ. ಹಾಗಾಗದಂತೆ ನೋಡಿಕೊಳ್ಳುವುದು ನಮ್ಮ ಕೈಯಲ್ಲಿದೆ.

ಮೆಟ್ರೊ ವ್ಯಾಂಕೂವರ್‌ನಲ್ಲಿ 2015ರಿಂದ ಆಹಾರದ ಕಸವನ್ನು ಮಾಮೂಲಿ ಕಸಕ್ಕೆ ಸೇರಿಸುವಂತಿಲ್ಲ, ಹಸಿರು ಬಿನ್ನಿಗೇ ಹಾಕಬೇಕು. ಮಿಕ್ಕ ಅನ್ನ, ಹುಳಿ, ಮೂಳೆ, ಕಾಫಿ ಚರಟ ಎಲ್ಲವೂ ಅದಕ್ಕೆ ಸರಿ. ಪ್ಲಾಸ್ಟಿಕ್ ಚೀಲದ ಬದಲು ಹಳೇ ಪೇಪರಿನಲ್ಲಿ ಸುತ್ತಿ ಹಾಕಿ. ಮೀನು, ಕೋಳಿಯ ಚೂರುಗಳನ್ನು ಡಬ್ಬಿಯಲ್ಲಿ ಹಾಕಿ ಫ್ರೀಜರಿನಲ್ಲಿಟ್ಟು, ಗಾಡಿ ಬರುವ ಬೆಳಿಗ್ಗೆ ಬಿನ್ನಿಗೆ ಸುರಿಯಿರಿ. ಹಿಂದಿನ ರಾತ್ರಿಯೇ ಬಿನ್ ರಸ್ತೆಗೆ ತಂದಿಡಬೇಡಿ. ಕೊಕ್ವಿಟ್ಲಮ್‌ನಲ್ಲಿ ಬೆಳಿಗ್ಗೆ 5:30ಕ್ಕೆ ಮುಂಚೆ ಇಟ್ಟರೆ ದಂಡ ಬೀಳುತ್ತದೆ.

ಹಿತ್ತಲಿನಲ್ಲೇ ಗೊಬ್ಬರ ಮಾಡುವ ಆಸೆ ಇದ್ದರೆ ಧಾರಾಳವಾಗಿ ಮಾಡಿ. ಆದರೆ ಒಗ್ಗರಣೆ ಬಿದ್ದದ್ದು, ತುಪ್ಪ ಸೋಕಿದ್ದು, ಹಾಲು ಮೊಸರು, ಯಾವುದೂ ಅದಕ್ಕೆ ಬೇಡ. ಹಸಿ ತರಕಾರಿ ಸಿಪ್ಪೆ, ಸೊಪ್ಪಿನ ದಂಟು, ಚಹಾಪುಡಿ ಸಾಕು. ಮಾವಿನ ಗೊರಟು, ಹಲಸಿನ ಸಿಪ್ಪೆಯಂಥ ಘಮ್ಮೆನ್ನುವುದೆಲ್ಲ ಹಸಿರು ಬಿನ್ನಿಗೇ ಇರಲಿ. ಅಕ್ಟೋಬರಿನಲ್ಲಿ ಉದುರುವ ಮೇಪಲ್ ಎಲೆಗಳನ್ನು ಮೂಟೆ ಕಟ್ಟಿ ಒಣಗಿದ ಕಡೆ ಇಟ್ಟುಕೊಂಡರೆ ವರ್ಷವಿಡೀ ಬರುತ್ತದೆ. ಒಂದು ಪಾಲು ಸಿಪ್ಪೆಗೆ ಎರಡು ಮೂರು ಪಾಲು ಒಣ ಎಲೆ ಹಾಕಿ, ಸಿಪ್ಪೆ ಕಣ್ಣಿಗೆ ಬೀಳದಂತೆ ಮುಚ್ಚಿ, ಆಗಾಗ ಕೆದಕಿ. ವಾಸನೆ ಬಂದರೆ ಎಲೆ ಕಡಿಮೆಯಾಗಿದೆ ಎಂದೇ ಅರ್ಥ. ಇಲಿ ಕೊರೆಯದಂತೆ ತಳಕ್ಕೆ ಅರ್ಧ ಇಂಚಿನ ತಂತಿ ಬಲೆ ಹಾಕಿ.

ಪಿತೃಪಕ್ಷದ ಮಾತು ಬೇರೆಯೇ ಹೇಳಬೇಕು. ಆ ಹೊತ್ತಿಗೆ, ಸೆಪ್ಟೆಂಬರ್ ಆಸುಪಾಸಿನಲ್ಲಿ, ಕರಡಿ ಚಳಿಗಾಲದ ನಿದ್ದೆಗೆ ಮೈಯಲ್ಲಿ ಕೊಬ್ಬು ತುಂಬಿಕೊಳ್ಳಲು ದಿನವಿಡೀ ತಿನ್ನುತ್ತಿರುತ್ತದೆ. ಕಾಗೆಗೆಂದು ಹಿತ್ತಲಲ್ಲಿಟ್ಟ ವಡೆ, ಪಾಯಸ ಅದರ ಮೂಗಿಗೆ ದೂರದಿಂದಲೇ ಸಿಗುತ್ತದೆ. ಕರಡಿಯನ್ನು ಸೆಳೆಯುವಂತೆ ಆಹಾರ ಹೊರಗಿಡುವುದು ಬ್ರಿಟಿಷ್ ಕೊಲಂಬಿಯಾದ ವನ್ಯಜೀವಿ ಕಾನೂನಿನ ಪ್ರಕಾರ ಅಪರಾಧವೂ ಹೌದು. ಎಡೆಯನ್ನು ಮನೆಯೊಳಗೇ ಇಡಿ. ಆಮೇಲೆ ಅದನ್ನು ಏನು ಮಾಡಬೇಕೆಂದು ಊರಿನ ಹಿರಿಯರನ್ನು, ಪುರೋಹಿತರನ್ನು ಮುಂಚೆಯೇ ಕೇಳಿಕೊಳ್ಳಿ.

ಕರಡಿ ಕಂಡರೆ ಓಡಬೇಡಿ, ಹತ್ತಿರ ಹೋಗಬೇಡಿ. ಮಕ್ಕಳನ್ನು ಕರೆದುಕೊಂಡು ನಿಧಾನವಾಗಿ ಒಳಗೆ ಸರಿಯಿರಿ. ಕಸಕ್ಕೆ ಕೈಹಾಕಿದ್ದರೆ ಪ್ರಾಂತ್ಯದ ವನ್ಯಜೀವಿ ಸಹಾಯವಾಣಿ 1-877-952-7277ಕ್ಕೆ ಫೋನ್ ಮಾಡಿ.